ನ್ಯಾಯಾಲಯಕ್ಕೆ ತೋರಿಸದ ಚೀಟಿ

ಕೊರೊನಾ ಕಳೆದ ಎರಡನೇ ವರ್ಷ. ವಕೀಲಿಕೆಗೆ ಸೇರಿ ಆಗ ನನಗೆ ನಾಲ್ಕು ವರ್ಷ. ನಂಜನಗೂಡಿನ ನ್ಯಾಯಾಲಯದಲ್ಲಿ ಜಮೀನಿನ ಭಾಗ, ಹೊಲದ ದಾರಿ, ಒತ್ತುವರಿ ಇಂಥ ದಾವೆಗಳನ್ನು ನಡೆಸುತ್ತಿದ್ದೆ. ಮೈಸೂರಿನಲ್ಲಿದ್ದ ನನ್ನ ಸೀನಿಯರ್‌ಗೆ ಎಪ್ಪತ್ತು ದಾಟಿತ್ತು. ಬೆಂಗಳೂರಿನ ಹೈಕೋರ್ಟಿಗೆ ಓಡಾಡಬೇಕಾದ ಕಡತಗಳನ್ನು ಅವರು ಒಂದೊಂದಾಗಿ ನನ್ನ ತಲೆಗೆ ಕಟ್ಟುತ್ತಿದ್ದರು. “ನಿನಗೆ ಮಾತು ಜಾಸ್ತಿ, ಅಲ್ಲಿ ಖರ್ಚು ಮಾಡು” ಎನ್ನುತ್ತಿದ್ದರು.

ಮಾತು ಜಾಸ್ತಿ ಎಂಬುದು ಸುಳ್ಳಲ್ಲ. ಕಾನೂನು ಓದಿದ ಐದು ವರ್ಷವೂ ಚರ್ಚಾಸ್ಪರ್ಧೆಗಳಲ್ಲಿ ಮಾತಾಡಿದವಳು ನಾನು. ಪರ ಕೊಟ್ಟರೆ ಪರ, ವಿರೋಧ ಕೊಟ್ಟರೆ ವಿರೋಧ. ತಾಂಡವಪುರದ ನಮ್ಮ ಮನೆಯಲ್ಲಿ ಷೀಲ್ಡ್ ಇಡಲು ಜಾಗ ಸಾಲದೆ, ಅಮ್ಮ ಒಂದನ್ನು ಅಕ್ಕಿ ಡಬ್ಬಿಯ ಮುಚ್ಚಳ ಹಾರದಂತೆ ಮೇಲೆ ಹೇರಿದ್ದಳು. ಸರಿಯಾದ ವಾದವನ್ನು ಸರಿಯಾದ ಕ್ರಮದಲ್ಲಿ ಮುಂದಿಟ್ಟರೆ ಎದುರಿನವರು ಒಪ್ಪಲೇಬೇಕು ಎಂದು ನಾನು ನಂಬಿದ್ದ ಕಾಲ ಅದು. ಬೇರೆ ಯಾವುದನ್ನೂ ನಾನು ಸುಲಭಕ್ಕೆ ನಂಬುತ್ತಿರಲಿಲ್ಲ.

ಆ ಜೂನ್‌ನಲ್ಲಿ ಐದು ಜನ ಅತಿಥಿ ಉಪನ್ಯಾಸಕರು ನನ್ನ ಕಚೇರಿಗೆ ಬಂದರು. ಅತಿಥಿ ಉಪನ್ಯಾಸಕ ಎಂದರೆ ಕಾಯಂ ಹುದ್ದೆಯಿಲ್ಲದೆ, ವರ್ಷ ವರ್ಷವೂ ಹೊಸದಾಗಿ ಪಟ್ಟಿಗೆ ಸೇರಿ ಪಾಠ ಮಾಡುವವರು. ಹತ್ತು ವರ್ಷ ಕಳೆದರೂ ಅತಿಥಿಯಾಗಿಯೇ ಉಳಿಯುವ ಇಂಥ ಅತಿಥಿಗಳು ಬೇರೆಲ್ಲೂ ಸಿಗಲಾರರು. ಒಂದು ವಿಶ್ವವಿದ್ಯಾನಿಲಯ ಸಹಾಯಕ ಪ್ರಾಧ್ಯಾಪಕರ ಹುದ್ದೆಗಳಿಗೆ ಮೈಸೂರಿನಲ್ಲಿ ಸಂದರ್ಶನ ನಡೆಸಿತ್ತು. ಈ ಐವರೂ ಬೇರೆ ಬೇರೆ ವಿಷಯಗಳಲ್ಲಿ ಅದಕ್ಕೆ ಹೋಗಿ ಬಂದವರು, ಐವರಿಗೂ ಅನ್ಯಾಯವಾಗಿದೆ ಎಂದು ದೂರು. ನನ್ನನ್ನು ವಕೀಲಳಾಗಿ ಒಪ್ಪುವ ವಕಾಲತ್ತಿಗೆ ಐವರೂ ಸಹಿ ಹಾಕಿದರು. ಆಗಸ್ಟ್ ಹೊತ್ತಿಗೆ ನಾಲ್ವರು ಹಿಂದೆ ಸರಿದರು. ಒಬ್ಬರ ಅಣ್ಣ ಬೇಡ ಅಂದರಂತೆ, ಇನ್ನೊಬ್ಬರಿಗೆ ಪ್ರಿನ್ಸಿಪಾಲರು “ಮುಂದಿನ ವರ್ಷದ ಪಟ್ಟಿ ಇನ್ನೂ ಆಗಿಲ್ಲ, ನೋಡ್ಕೊಳ್ಳಿ” ಅಂದರಂತೆ. ಉಳಿದಿಬ್ಬರು ಫೋನೇ ಎತ್ತಲಿಲ್ಲ.

ಉಳಿದವರು ಸಿದ್ದರಾಜು ಒಬ್ಬರೇ. ತಿ. ನರಸೀಪುರದಿಂದ ಏಳೆಂಟು ಕಿಲೋಮೀಟರ್ ಆಚೆಯ ಹಳ್ಳಿಯವರು, ನಂಜನಗೂಡಿನ ಕಾಲೇಜೊಂದರಲ್ಲಿ ಹನ್ನೆರಡು ವರ್ಷದಿಂದ ಸಸ್ಯಶಾಸ್ತ್ರ ಕಲಿಸುತ್ತಿದ್ದರು. ಆ ವರ್ಷ ಕಳೆದರೆ ಅವರಿಗೆ ವಯೋಮಿತಿ ಮೀರುತ್ತಿತ್ತು. ಇನ್ನೊಂದು ಅಧಿಸೂಚನೆ ಬಂದರೂ ಅರ್ಜಿ ಹಾಕುವಂತಿರಲಿಲ್ಲ.

“ಉಳಿದೋರು ಹೋದ್ರು. ನೀವು?” ಅಂದೆ.

“ನಾನು ಎಲ್ಲಿಗೆ ಹೋಗ್ಲಿ ಮೇಡಂ? ಬಸ್ಸು ಸಾಯಂಕಾಲಕ್ಕೇ ಇರೋದು” ಅಂದರು. ನಗಿಸಲು ಹೇಳಿದ್ದಲ್ಲ, ಆದರೂ ನಾನು ನಕ್ಕೆ.

ಅವರ ಪ್ರಕರಣ ಕಾಗದದ ಮೇಲೆ ಗಟ್ಟಿಯಾಗಿತ್ತು. ಓದು, ಸಂಶೋಧನೆ, ಅನುಭವಕ್ಕೆ ಎಪ್ಪತ್ತು ಅಂಕ; ಸಂದರ್ಶನಕ್ಕೆ ಮೂವತ್ತು. ಸಿದ್ದರಾಜು ಅವರಿಗೆ ಎಪ್ಪತ್ತಕ್ಕೆ ಅರವತ್ತೊಂದು, ಎಲ್ಲರಿಗಿಂತ ಹೆಚ್ಚು. ಆಯ್ಕೆಯಾದವರಿಗೆ ನಲವತ್ತೆಂಟು. ಸಂದರ್ಶನದಲ್ಲಿ ಇವರಿಗೆ ಆರು, ಅವರಿಗೆ ಇಪ್ಪತ್ತೇಳು. ಮಾಹಿತಿ ಹಕ್ಕಿನಲ್ಲಿ ಸಿದ್ದರಾಜು ಅಂಕಪಟ್ಟಿಯ ಪ್ರತಿ ತರಿಸಿದ್ದರು. ಅದರಲ್ಲಿ ಸಮಿತಿಯ ಮೂವರ ಸಹಿ ಇತ್ತು. ನಾಲ್ಕನೆಯ ಸಾಲು, ‘ವಿಷಯ ತಜ್ಞರು’ ಎಂಬುದರ ಮುಂದೆ, ಖಾಲಿ.

“ತಜ್ಞರು ಇರ್ಲೇ ಇಲ್ಲ ಮೇಡಂ. ಹನ್ನೊಂದು ಗಂಟೆಗೆ ನನ್ನ ಕರೆದ್ರು. ಮೂರು ಜನ ಕೂತಿದ್ರು, ಒಬ್ಬರಿಗೂ ಸಸ್ಯಶಾಸ್ತ್ರ ಗೊತ್ತಿಲ್ಲ. ನಾಲ್ಕನೇ ಕುರ್ಚಿ ಮೇಲೆ ಫೈಲ್ ಇಟ್ಟಿದ್ರು.”

“ಏನು ಕೇಳಿದ್ರು?”

“ಯಾವೂರು ಅಂದ್ರು. ಹೇಳ್ದೆ. ಊರಲ್ಲಿ ನಿಮ್ಮ ಮನೆ ಯಾವ ಕಡೆ ಬರುತ್ತೆ ಅಂದ್ರು. ಅದನ್ನೂ ಹೇಳ್ದೆ. ಆಯ್ತು, ಹೋಗಿ ಅಂದ್ರು.”

ಮನೆ ಯಾವ ಕಡೆ ಬರುತ್ತದೆ ಎಂದು ಕೇಳುವವರು ಜಾತಿಯನ್ನೇ ಕೇಳುತ್ತಿದ್ದಾರೆ ಎಂಬುದು ನಮ್ಮ ಕಡೆ ಚಿಕ್ಕ ಮಕ್ಕಳಿಗೂ ಗೊತ್ತು. ಆದರೆ ಬಾಯಿಮಾತಿನ ಪ್ರಶ್ನೆಗೆ ಸಾಕ್ಷಿಯಿಲ್ಲ. ನಾನು ಅದನ್ನು ಅರ್ಜಿಯಲ್ಲಿ ಒಂದೇ ಸಾಲಿಗೆ ಇಳಿಸಿ, ಖಾಲಿ ಸಹಿಯನ್ನೇ ಬೆನ್ನೆಲುಬು ಮಾಡಿದೆ. ಸಸ್ಯಶಾಸ್ತ್ರಜ್ಞರಿಲ್ಲದೆ ಸಸ್ಯಶಾಸ್ತ್ರದ ಸಂದರ್ಶನ ನಡೆದಿದೆ, ಆದ್ದರಿಂದ ಆಯ್ಕೆ ರದ್ದಾಗಬೇಕು. ಹೈಕೋರ್ಟಿಗೆ ರಿಟ್ ಅರ್ಜಿ ಹೋಯಿತು. ಸರ್ಕಾರಿ ಸಂಸ್ಥೆ ನಿಯಮ ಮೀರಿದಾಗ ನೇರವಾಗಿ ಹೈಕೋರ್ಟನ್ನು ಕೇಳಿಕೊಳ್ಳುವ ಅರ್ಜಿಗೆ ಆ ಹೆಸರು.

ಆಮೇಲೆ ನಡೆದದ್ದು ಬರೀ ಓಡಾಟ. ಬೆಳಿಗ್ಗೆ ನಂಜನಗೂಡಿನಿಂದ ಮೈಸೂರಿಗೆ ಒಂದು ರೈಲು, ಅಲ್ಲಿಂದ ಬೆಂಗಳೂರಿಗೆ ಇನ್ನೊಂದು. ನಮ್ಮದು ಆ ದಿನದ ಪಟ್ಟಿಯಲ್ಲಿ ಎಂಬತ್ತನೆಯದೋ ತೊಂಬತ್ತನೆಯದೋ ಆಗಿರುತ್ತಿತ್ತು. ನಲವತ್ತಕ್ಕೇ ಸಂಜೆಯಾಗುತ್ತಿತ್ತು. ಸಿದ್ದರಾಜು ಪ್ರತಿ ಸಲವೂ ಬರುತ್ತಿದ್ದರು, ಬರಬೇಕಾಗಿರಲಿಲ್ಲ. ರೈಲಿನಲ್ಲಿ ಇಬ್ಬರೂ ಎದುರು ಬದುರು ಕೂರುತ್ತಿದ್ದೆವು. ಕಿಟಕಿಯಾಚೆ ಯಾವುದಾದರೂ ಮರ ಕಂಡರೆ ಅದರ ಲ್ಯಾಟಿನ್ ಹೆಸರನ್ನು ತಮಗೆ ತಾವೇ ಹೇಳಿಕೊಳ್ಳುತ್ತಿದ್ದರು. ಕಾಲೇಜಿನಲ್ಲಿ ಈಗ ಊಟಕ್ಕೆ ತಾವು ಸ್ಟಾಫ್‌ರೂಮಿಗೆ ಹೋಗುವುದಿಲ್ಲ ಎಂದು ಒಂದು ದಿನ ಹೇಳಿದರು. ಅವರು ಬಂದು ಕೂತರೆ ಉಳಿದವರ ಊಟ ಬೇಗ ಮುಗಿದುಬಿಡುತ್ತಿತ್ತಂತೆ. ಪ್ರಯೋಗಾಲಯದಲ್ಲಿ, ಒಣಗಿಸಿ ಅಂಟಿಸಿದ ಎಲೆಗಳ ಹಾಳೆಗಳ ಪಕ್ಕ ಡಬ್ಬಿ ಬಿಚ್ಚುತ್ತಿದ್ದರು.

ಅರ್ಜಿ ಹಾಕಿದ ಐದನೇ ತಿಂಗಳಲ್ಲಿ ವಿಶ್ವವಿದ್ಯಾನಿಲಯದ ಆಕ್ಷೇಪಣೆ ಬಂತು. ಮಾಹಿತಿ ಹಕ್ಕಿನಲ್ಲಿ ಕೊಟ್ಟದ್ದು ಕರಡು ಪ್ರತಿ, ಮೂಲ ಪ್ರತಿಯಲ್ಲಿ ತಜ್ಞರ ಸಹಿ ಇದೆ ಎಂದು ಅದರ ಜೆರಾಕ್ಸ್ ಲಗತ್ತಿಸಿದ್ದರು. ತಜ್ಞರು ತಡವಾಗಿ ಬಂದದ್ದು ನಿಜ, ಮಧ್ಯಾಹ್ನದಿಂದ ಹಾಜರಿದ್ದರು, ಸಿದ್ದರಾಜು ಅವರ ಸಂದರ್ಶನವೂ ಮಧ್ಯಾಹ್ನವೇ ನಡೆಯಿತು ಎಂದಿದ್ದರು. ಅದಕ್ಕೆ ಅವರು ಕೊಟ್ಟ ಆಧಾರ, ಕಾಲೇಜಿನಿಂದ ತರಿಸಿಕೊಂಡ ಸಿದ್ದರಾಜು ಅವರದೇ ಕಾರ್ಯದಿನಚರಿ. ಅತಿಥಿ ಉಪನ್ಯಾಸಕರು ದಿನವೂ ಯಾವ ಅವಧಿಯಲ್ಲಿ ಯಾವ ಪಾಠ ಮಾಡಿದೆವೆಂದು ಬರೆದು ಸಹಿ ಹಾಕಬೇಕು. ಸಂದರ್ಶನದ ದಿನ, ಹನ್ನೊಂದರಿಂದ ಒಂದು ಗಂಟೆ, ನಂಜನಗೂಡಿನಲ್ಲಿ, ಜರಿಗಿಡಗಳ ಪಾಠ. ಕೆಳಗೆ ಸಿದ್ದರಾಜು ಅವರ ಸಹಿ.

ಅದೇ ದಿನ ಅವರನ್ನು ಕರೆಸಿದೆ. ದಿನಚರಿಯ ಪ್ರತಿಯನ್ನು ಮೇಜಿನ ಮೇಲೆ ಅವರ ಕಡೆಗೆ ತಿರುಗಿಸಿ ಇಟ್ಟೆ.

“ಹನ್ನೊಂದು ಗಂಟೆಗೆ ನೀವು ಎಲ್ಲಿದ್ರಿ?”

“ಮೈಸೂರಲ್ಲಿ.”

“ಇದು ಯಾರ ಸಹಿ?”

“ನಂದೇ.”

ಆಮೇಲೆ ನಿಧಾನಕ್ಕೆ ವಿವರಿಸಿದರು. ಅತಿಥಿ ಉಪನ್ಯಾಸಕರ ನಡುವೆ ಒಂದು ಪದ್ಧತಿಯಿದೆಯಂತೆ. ಒಬ್ಬರು ಬರಲಾಗದಿದ್ದರೆ ಇನ್ನೊಬ್ಬರು ಅವರ ಅವಧಿ ತೆಗೆದುಕೊಳ್ಳುತ್ತಾರೆ. ದಿನಚರಿಯಲ್ಲಿ ಆ ಸಾಲು ಖಾಲಿ ಬಿಡುತ್ತಾರೆ. ಮಾರನೆಯ ದಿನ ಮೊದಲನೆಯವರು ಬಂದು ತಾವೇ ಪಾಠ ಮಾಡಿದಂತೆ ಬರೆದು ಸಹಿ ಹಾಕುತ್ತಾರೆ. ರಜೆ ಕೇಳಿದರೆ ಅವಧಿ ಕಡಿಮೆಯಾಗುತ್ತದೆ, ಅವಧಿ ಕಡಿಮೆಯಾದರೆ ಮುಂದಿನ ವರ್ಷದ ಪಟ್ಟಿಯಲ್ಲಿ ಹೆಸರು ಕೆಳಗಿಳಿಯುತ್ತದೆ ಎಂಬ ಭಯ. ಪಾಠ ತಪ್ಪುವುದಿಲ್ಲ, ಮಕ್ಕಳಿಗೆ ಮೋಸವಿಲ್ಲ, ದಾಖಲೆ ಮಾತ್ರ ಸುಳ್ಳು.

“ಪಾಠ ತಗೊಂಡೋರು ಯಾರು?”

ಅವರು ಚೀಲದಿಂದ ತಮ್ಮ ಹಳೇ ನೋಟುಪುಸ್ತಕ ತೆಗೆದರು. ಅದರೊಳಗೆ ನಾಲ್ಕಾಗಿ ಮಡಿಸಿದ ಚೀಟಿ. ಮೇಲೆ ಆ ದಿನದ ದಿನಾಂಕ.

‘ಸಿದ್ದಣ್ಣ, ನಿಮ್ಮ ಎರಡು ಅವರ್ ಆಯ್ತು. ಜರಿಗಿಡ ಮುಗಿಸಿದೆ. ನಾನು ಪ್ರಾಣಿಶಾಸ್ತ್ರದವನು, ತಪ್ಪಿದ್ರೆ ಬೈಬೇಡಿ. ರೋಲ್ ನಂಬರ್ 14, 31 ಬಂದಿಲ್ಲ. ಇಂಟರ್‌ವ್ಯೂ ಹೇಗಾಯ್ತು? – ಲೋಕೇಶ.’

ಲೋಕೇಶ ಅದೇ ಕಾಲೇಜಿನ ಇನ್ನೊಬ್ಬ ಅತಿಥಿ ಉಪನ್ಯಾಸಕ, ಹುಲ್ಲಹಳ್ಳಿಯವನು. ಒಂದು ಕಾಲದಲ್ಲಿ ಇವರಿಬ್ಬರೂ ಒಂದೇ ಡಬ್ಬಿಯಲ್ಲಿ ಉಂಡವರು. ನನಗಂತೂ ನಿಧಿ ಸಿಕ್ಕಂತಾಯಿತು. “ಇದೊಂದೇ ಸಾಕು! ಲೋಕೇಶ್ ಒಂದು ಅಫಿಡವಿಟ್ ಕೊಟ್ಟರೆ ಅವರ ಆಕ್ಷೇಪಣೆ ಅಲ್ಲಿಗೇ ಮುಗೀತು” ಅಂದೆ. ಅಫಿಡವಿಟ್ ಎಂದರೆ ಪ್ರಮಾಣ ಮಾಡಿ ಬರೆದುಕೊಡುವ ಹೇಳಿಕೆ.

ಸಿದ್ದರಾಜು ಚೀಟಿಯನ್ನು ನನ್ನ ಕೈಯಿಂದ ತೆಗೆದುಕೊಂಡು, ಅದೇ ಮಡಿಕೆಗಳ ಮೇಲೆ ಮತ್ತೆ ಮಡಿಸಿದರು. “ಇದು ನಿಮಗೆ ಗೊತ್ತಿರಲಿ ಅಂತ ತೋರಿಸ್ದೆ ಮೇಡಂ. ಕೋರ್ಟಿಗಲ್ಲ. ಮುಂದಿನ ವರ್ಷದ ಪಟ್ಟಿಯಲ್ಲಿ ಅವನ ಹೆಸರೂ ಇರಬೇಕಲ್ಲ.”

ನಾನು ಒಪ್ಪಲಿಲ್ಲ. ಇಲ್ಲಿಂದಾಚೆ ನಾನು ಮಾಡಿದ್ದನ್ನು ಹಾಗೆಯೇ ಬರೆಯುತ್ತೇನೆ. ಕಕ್ಷಿದಾರರಿಗೆ ಹೇಳದೆ, ಆ ಭಾನುವಾರ ಬಸ್ಸು ಹತ್ತಿ ಹುಲ್ಲಹಳ್ಳಿಗೆ ಹೋದೆ.

ನಾಲೆಯ ಪಕ್ಕದ ಮನೆ. ಜಗಲಿಯಲ್ಲಿ ಅವರೆಕಾಯಿ ಸುಲಿಯುತ್ತಿದ್ದ ಲೋಕೇಶನ ತಾಯಿ ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿದರು.

“ಯಾರವ್ವ? ಲೋಕೇಸನ್ನ ನೋಡಕ್ಕಾ? ಅಸಿಗೆ ಉಲ್ಲಾಕ್ತಾವ್ನೆ, ಬತ್ತಾನೆ ಕೂತ್ಕೊ. ಎಣ್ಣಿನ್ ಕಡೆಯೋರಾ?”

“ಅಲ್ಲಮ್ಮ, ನಾನು ಲಾಯರ್ರು.”

“ಅಯ್ ಸಿವನೆ! ಮದ್ವೆಗ್ ಮುಂಚೇನೆ ಲಾಯರ್ರಾ?” ಎಂದು ನಕ್ಕು, ಒಳಗಿನಿಂದ ಮಜ್ಜಿಗೆ ತಂದುಕೊಟ್ಟರು. “ಮೂವತ್ತಾರಾಯ್ತು ಕಣವ್ವ. ಗೆಸ್ಟು ಅಂದ್ರೆ ಯಾರೂ ಎಣ್ಣು ಕೊಡಾಕಿಲ್ಲ. ಓದ್ ವಾರ ಒಬ್ರು ಬಂದು ನೋಡ್ಕಂಡ್ ಓಗವ್ರೆ. ಈ ಕೆಲ್ಸ ಗಟ್ಟಿಯಾ ಅಂತ ಕೇಳುದ್ರು. ಗಟ್ಟಿ ಅಂದಿವ್ನಿ.”

ಲೋಕೇಶ ಹಸುವಿಗೆ ಹುಲ್ಲು ಹಾಕಿ, ಕೈ ತೊಳೆದುಕೊಂಡು ಬಂದ. ನಾನು ಬಂದ ಕಾರಣ ಅವನಿಗೆ ಹೇಳದೆಯೇ ತಿಳಿದಿತ್ತು. ನಾನು ಕ್ರಮವಾಗಿ ಆರಂಭಿಸಿದೆ. ಒಂದು, ಪಾಠ ನಿಜವಾಗಿ ನಡೆದಿದೆ, ಅವನು ಮಾಡಿದ್ದು ಕೆಲಸವೇ ಹೊರತು ಕಳ್ಳತನವಲ್ಲ. ಎರಡು, ಸುಳ್ಳು ಸಹಿ ಅವನದಲ್ಲ. ಮೂರು, ಸಿದ್ದರಾಜು ಸೋತರೆ ನಾಳೆ ಇದೇ ಸಮಿತಿಯ ಮುಂದೆ ಅವನೂ ಹೋಗಿ ನಿಲ್ಲಬೇಕು. ಒಂದೊಂದಕ್ಕೂ ಅವನು “ಕರೆಕ್ಟು ಮೇಡಂ” ಎನ್ನುತ್ತಿದ್ದ. ಮೂರೂ ಮುಗಿದ ಮೇಲೆ ನಾನು ತೀರ್ಪಿಗೆ ಕಾಯುವವಳಂತೆ ಕಾದೆ.

“ನೀವು ಹೇಳಿದ್ದೆಲ್ಲ ಸರಿ. ನನ್ ಹತ್ರ ಉತ್ತರ ಇಲ್ಲ. ನೀವೇ ಗೆದ್ರಿ” ಅಂದ. “ಆದ್ರೂ ನಾನು ಬರಲ್ಲ.”

ಜಗಲಿಯಲ್ಲಿ ಅವರೆಕಾಳು ಮೊರಕ್ಕೆ ಬೀಳುವ ಸದ್ದು ನಿಂತಿತ್ತು. ತಾಯಿ ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಹೊರಡುವಾಗ ನನ್ನ ಮುಖ ನೋಡದೆ “ಬಸ್ಸು ಈಗ್ಲೇ ಬತ್ತದೆ, ಓಗವ್ವ” ಅಂದರು.

ಸೋಮವಾರ ಲೋಕೇಶ ಸಿದ್ದರಾಜುವಿನ ಹತ್ತಿರ ಹೋಗಿ “ಲಾಯರ್ ಕಳಿಸ್ತೀರಾ ಸಿದ್ದಣ್ಣ ಮನೆಗೆ?” ಎಂದು ಕೇಳಿದನಂತೆ. ಅದೇ ಅವರಿಬ್ಬರ ನಡುವಿನ ಕೊನೆಯ ಮಾತು. ಸಿದ್ದರಾಜು ಅಂದು ಸಂಜೆ ನನ್ನ ಕಚೇರಿಗೆ ಬಂದು, ಕೂರದೆ ನಿಂತೇ ಮಾತಾಡಿದರು.

“ಊರಲ್ಲಿ ನನ್ನ ಮನೆ ಯಾವ ಕಡೆ ಅಂತ ಒಂದು ದಿನವೂ ಕೇಳದೇ ಇರೋನು ಅವನೊಬ್ಬ ಮೇಡಂ. ಹನ್ನೆರಡು ವರ್ಷದಲ್ಲಿ ಒಬ್ಬ. ಅವನೂ ಹೋದ.”

ಕ್ಷಮೆ ಕೇಳಿದೆ. ಕಡತ ಬೇರೆಯವರಿಗೆ ಕೊಡುವುದಾದರೆ ಕೊಡಿ ಅಂದೆ. ಅವರು “ಬೇರೆಯೋರಿಗೂ ಇದನ್ನೆಲ್ಲ ಮೊದಲಿಂದ ಹೇಳೋ ಶಕ್ತಿ ಇಲ್ಲ” ಅಂದರು.

ಸಿದ್ದರಾಜು ತಮ್ಮ ಅಫಿಡವಿಟ್‌ನಲ್ಲಿ ಮೂರೇ ಸಂಗತಿ ಹೇಳಿದರು: ಆ ದಿನ ಹನ್ನೊಂದಕ್ಕೆ ನಾನು ಮೈಸೂರಿನಲ್ಲಿದ್ದೆ. ದಿನಚರಿಯ ನಮೂದು ನಿಜವಲ್ಲ, ಮಾರನೆಯ ದಿನ ನಾನೇ ಬರೆದದ್ದು. ಪಾಠವನ್ನು ಬೇರೊಬ್ಬರು ತೆಗೆದುಕೊಂಡರು, ಅವರ ಹೆಸರು ಹೇಳುವುದಿಲ್ಲ. ಸೀನಿಯರ್ ಅದನ್ನು ಓದಿ ಕನ್ನಡಕ ತೆಗೆದರು. “ತಾನೇ ಸುಳ್ಳು ಬರೆದೆ ಅಂತ ಒಪ್ಪಿಕೊಂಡು ಹೈಕೋರ್ಟಿಗೆ ಹೋಗ್ತಿದಾನೆ. ಇಂಥ ಕಕ್ಷಿದಾರನನ್ನ ನಾನು ಎಲ್ಲೂ ನೋಡಿಲ್ಲ ಕಣಮ್ಮ. ಸೋಲ್ತೀಯ, ರೆಡಿಯಾಗಿರು.”

ವಿಚಾರಣೆ ಬಂದದ್ದು ಫೆಬ್ರವರಿಯಲ್ಲಿ. ವಿಶ್ವವಿದ್ಯಾನಿಲಯದ ವಕೀಲರು ಒಂದೇ ವಾದ ಹಿಡಿದರು. ಒಬ್ಬ ಮನುಷ್ಯ ಹನ್ನೊಂದು ಗಂಟೆಗೆ ಎರಡು ಊರಿನಲ್ಲಿರಲು ಸಾಧ್ಯವಿಲ್ಲ. ಒಂದು ಕಡೆ ಸುಳ್ಳು ಹೇಳಿದ್ದಾನೆಂದು ಅವನೇ ಒಪ್ಪಿದ್ದಾನೆ, ಇನ್ನೊಂದು ಕಡೆ ನಿಜ ಹೇಳುತ್ತಿದ್ದಾನೆಂದು ನಂಬುವುದು ಹೇಗೆ? ಅವರ ಜಾಗದಲ್ಲಿ ನಾನಿದ್ದರೂ ಅದನ್ನೇ ಹೇಳುತ್ತಿದ್ದೆ, ಇನ್ನೂ ಚುರುಕಾಗಿ. ಇಂಗ್ಲಿಷಿನಲ್ಲಿ ನಡೆಯುತ್ತಿದ್ದ ವಿಚಾರಣೆ ಅಲ್ಲಿ ನಿಂತಿತು. ನ್ಯಾಯಮೂರ್ತಿಗಳು ಕನ್ನಡದಲ್ಲಿ ಕೇಳಿದರು.

“ಅರ್ಜಿದಾರರು ಬಂದಿದಾರಾ?”

ಹಿಂದಿನ ಸಾಲಿನಿಂದ ಸಿದ್ದರಾಜು ಎದ್ದು ನಿಂತರು.

“ಆ ದಿನ ನಿಮ್ಮ ಕ್ಲಾಸ್ ಯಾರು ತಗೊಂಡ್ರು?”

“ಹೇಳಲ್ಲ ಸ್ವಾಮಿ.”

“ಹೇಳದಿದ್ರೆ ನಿಮಗೇ ತೊಂದರೆ. ಗೊತ್ತಲ್ಲ?”

“ಗೊತ್ತು ಸ್ವಾಮಿ. ದಿನಚರಿಯ ಸಹಿ ನಂದು, ಅದು ತಪ್ಪು. ಹನ್ನೊಂದಕ್ಕೆ ಒಳಗೆ ಹೋದಾಗ ತಜ್ಞರು ಇರಲಿಲ್ಲ, ಅದೂ ನಿಜ. ಎರಡನ್ನೂ ಹೇಳ್ತಾ ಇದೀನಿ.”

ಚೀಟಿ ಅವರ ಷರ್ಟಿನ ಜೇಬಿನಲ್ಲಿತ್ತು. ರೈಲಿನಲ್ಲಿ ಅವರು ಜೇಬು ಮುಟ್ಟಿ ನೋಡಿಕೊಳ್ಳುವುದನ್ನು ನೋಡಿದ್ದೆ. ನನಗೂ ಅವರಿಗೂ ನಡುವೆ ಇದ್ದದ್ದು ಆರು ಸಾಲು ಕುರ್ಚಿ. ಒಂದು ಮಾತು ನನ್ನ ನಾಲಿಗೆಯ ತುದಿಗೆ ಬಂದು ಕೂತಿತ್ತು. ನಾನು ಆಡಲಿಲ್ಲ. ಬದಲಿಗೆ, ನನ್ನಲ್ಲಿ ಉಳಿದಿದ್ದ ಒಂದೇ ಕೋರಿಕೆ ಇಟ್ಟೆ: ಮೂಲ ಅಂಕಪಟ್ಟಿಯನ್ನು ತರಿಸಿ ನೋಡಬೇಕು. ನ್ಯಾಯಮೂರ್ತಿಗಳು ಸಿದ್ದರಾಜು ಅವರನ್ನು ಇನ್ನೊಮ್ಮೆ ನೋಡಿ, ತರಿಸಿ ಅಂದರು.

ಎರಡು ವಾರದ ಮೇಲೆ ಮೂಲ ಕಡತ ಬಂತು. ತಜ್ಞರ ಸಹಿ ಇತ್ತು. ಮೇಷ್ಟ್ರಾದವರ ಅಭ್ಯಾಸದಂತೆ ಅವರು ಸಹಿಯ ಕೆಳಗೆ ದಿನಾಂಕವನ್ನೂ ಬರೆದಿದ್ದರು. ಸಂದರ್ಶನ ಮುಗಿದ ಎರಡು ದಿನದ ನಂತರದ ದಿನಾಂಕ. ಆಕ್ಷೇಪಣೆಯ ಜೊತೆ ಬಂದಿದ್ದ ಜೆರಾಕ್ಸ್‌ನಲ್ಲಿ ಆ ಕೆಳಗಿನ ಅಂಚು ಬಿದ್ದಿರಲಿಲ್ಲ. ಬೇಕೆಂದೇ ಬಿಟ್ಟರೋ, ಯಂತ್ರ ಬಿಟ್ಟಿತೋ, ನನಗೆ ಗೊತ್ತಿಲ್ಲ. ಸಾಬೀತು ಮಾಡಲಾಗದ್ದನ್ನು ನಾನು ಬರೆಯುವುದಿಲ್ಲ.

ಆದೇಶ ಬಂತು. ಆ ಹುದ್ದೆಯ ಆಯ್ಕೆ ರದ್ದು. ಅದೇ ಅಭ್ಯರ್ಥಿಗಳಿಗೆ ವಿಷಯ ತಜ್ಞರ ಎದುರು ಮೂರು ತಿಂಗಳೊಳಗೆ ಮತ್ತೆ ಸಂದರ್ಶನ. ಕೊನೆಯ ಪ್ಯಾರಾದಲ್ಲಿ ಇನ್ನೊಂದು ಮಾತಿತ್ತು: ಅರ್ಜಿದಾರರು ಒಪ್ಪಿಕೊಂಡ ಸುಳ್ಳು ನಮೂದಿನ ಬಗ್ಗೆ ಕಾಲೇಜು ನಿಯಮದಂತೆ ಕ್ರಮ ಕೈಗೊಳ್ಳಬಹುದು. ಕಾಲೇಜು ಮೂರು ತಿಂಗಳು ಕಾಯಲಿಲ್ಲ. ಪಾಠವೇ ನಡೆದಿಲ್ಲ, ಸಹಿ ಮಾತ್ರ ಬಿದ್ದಿದೆ ಎಂದು ಬರೆದು ಅವರ ಹೆಸರನ್ನು ಪಟ್ಟಿಯಿಂದ ತೆಗೆಯಿತು. ಪಾಠ ನಡೆದಿತ್ತು ಎಂಬುದಕ್ಕೆ ಇದ್ದ ಒಂದೇ ಸಾಕ್ಷಿ ಅವರ ಜೇಬಿನಲ್ಲಿತ್ತು.

ಮರುಸಂದರ್ಶನಕ್ಕೆ ಅವರು ಹೋದರು. ಮೂವತ್ತಕ್ಕೆ ಇಪ್ಪತ್ತೆರಡು ಬಂತು. ಒಟ್ಟು ಎಂಬತ್ತಮೂರು. ಎಂಬತ್ತನಾಲ್ಕು ಪಡೆದ ಇನ್ನೊಬ್ಬ ಅಭ್ಯರ್ಥಿಗೆ ಹುದ್ದೆ ಹೋಯಿತು. ಆಕೆ ಮೊದಲ ಸಲ ಮೂರನೆಯ ಸ್ಥಾನದಲ್ಲಿದ್ದವಳು, ಕೋರ್ಟಿನ ಮೆಟ್ಟಿಲನ್ನೇ ಹತ್ತಿರಲಿಲ್ಲ. ನಾನು ಮತ್ತೆ ಕಡತ ತರಿಸಿ ಪ್ರತಿ ಅಂಕಿಯನ್ನೂ ಅನುಮಾನಿಸಿ ನೋಡಿದೆ. ಎಲ್ಲೂ ಬಿರುಕಿರಲಿಲ್ಲ.

ಸಿದ್ದರಾಜು ಕಡತದ ಕಾಗದ ಹಿಂಪಡೆಯಲು ಕೊನೆಯ ಸಲ ಬಂದರು. “ಈ ಸಲ ತಜ್ಞರು ಇಪ್ಪತ್ತು ನಿಮಿಷ ಕೇಳಿದ್ರು ಮೇಡಂ” ಅಂದರು. “ಕಬಿನಿ ದಡದ ಹುಲ್ಲುಗಳ ಮೇಲೆ ನಾನು ಮಾಡಿದ ಕೆಲಸದ ಬಗ್ಗೆ. ಒಂದಕ್ಕೆ ನನಗೆ ಉತ್ತರ ಗೊತ್ತಿರಲಿಲ್ಲ. ಅವರು ಹೇಳಿಕೊಟ್ರು.” ಹೊರಡುವಾಗ ಚೀಟಿಯನ್ನು ನನ್ನ ಮೇಜಿನ ಮೇಲಿಟ್ಟರು. “ಇದು ನಿಮ್ಮ ಹತ್ರ ಇರಲಿ. ನನ್ನ ಹತ್ರ ಇದ್ರೆ ಓದ್ತಾ ಇರ್ತೀನಿ.” ಈಗ ಅವರು ತಿ. ನರಸೀಪುರದ ಒಂದು ಖಾಸಗಿ ಪಿಯು ಕಾಲೇಜಿನಲ್ಲಿದ್ದಾರೆ.

ಕಳೆದ ವರ್ಷ ನಂಜನಗೂಡಿನ ಆ ಕಾಲೇಜಿನವರೇ ನನ್ನನ್ನು ಚರ್ಚಾಸ್ಪರ್ಧೆಯ ತೀರ್ಪುಗಾರ್ತಿಯಾಗಿ ಕರೆದರು. ಸ್ಪರ್ಧೆಯ ಉಸ್ತುವಾರಿ ಲೋಕೇಶನದು. ಮೂವರು ತೀರ್ಪುಗಾರರಲ್ಲಿ ಒಬ್ಬರು ಬಂದಿರಲಿಲ್ಲ. ಅವನು ಅಂಕದ ಹಾಳೆ ನನ್ನ ಮುಂದಿಟ್ಟು, ಎಲ್ಲರಿಗೂ ಹೇಳುವಂತೆ ಹೇಳಿದ: “ಶುರು ಮಾಡೋಣ ಮೇಡಂ, ಅವರ ಸಹಿ ಆಮೇಲೆ ಮಾಡಿಸ್ಕೊ…”

ಮಾತು ಅಲ್ಲೇ ನಿಂತಿತು. ಅವನು ಹಾಳೆಯನ್ನು ತನ್ನ ಕಡೆಗೆ ಎಳೆದುಕೊಂಡ. “ಕಾಯೋಣ ಬಿಡಿ” ಅಂದ. ಮಕ್ಕಳು ಹೊರಗೆ ಗಲಾಟೆ ಮಾಡುತ್ತಿದ್ದರು. ಎರಡನೆಯ ತೀರ್ಪುಗಾರರು ಚಹಾಕ್ಕೆ ಹೋದರು. ನಾವಿಬ್ಬರು ಮುಕ್ಕಾಲು ಗಂಟೆ ಖಾಲಿ ಸಭಾಂಗಣದಲ್ಲಿ, ಎರಡು ಕುರ್ಚಿ ಬಿಟ್ಟು ಕೂತೆವು. ಕರೆ ಬಂದ ದಿನವೇ ಚೀಟಿಯನ್ನು ಪರ್ಸಿಗೆ ಹಾಕಿಕೊಂಡಿದ್ದೆ. ತೆಗೆದು ಅವನಿಗೆ ಕೊಟ್ಟೆ. ಅವನು ತನ್ನದೇ ಅಕ್ಷರವನ್ನು ತುಂಬಾ ಹೊತ್ತು ಓದಿದ.

“ಇದು ಕೋರ್ಟಲ್ಲಿ ಇತ್ತಾ?”

“ಅವರ ಜೇಬಲ್ಲಿತ್ತು.”

ಅವನು ಚೀಟಿಯನ್ನು ಮಡಿಸಿ ಜೇಬಿಗೆ ಹಾಕಿಕೊಂಡ. ಮೂರನೆಯ ತೀರ್ಪುಗಾರರು ಬಂದರು, ಸ್ಪರ್ಧೆ ನಡೆಯಿತು. ಅವನ ಮದುವೆ ಆಯಿತೋ ಇಲ್ಲವೋ ಎಂದು ಕೇಳುವ ಧೈರ್ಯ ನನಗಾಗಲಿಲ್ಲ. ಹೋಗುವಾಗ ಬಸ್‌ಸ್ಟ್ಯಾಂಡಿನಲ್ಲಿ ಅವನನ್ನು ಕಂಡೆ. ಹುಲ್ಲಹಳ್ಳಿ ಬಸ್ಸು ಹೊರಟು ನಿಂತಿತ್ತು, ಅವನು ಅದನ್ನು ಹತ್ತದೆ ತಿ. ನರಸೀಪುರದ ಬಸ್ಸುಗಳು ನಿಲ್ಲುವ ಜಾಗದಲ್ಲಿ ನಿಂತಿದ್ದ. ಹತ್ತಿದನೋ ಇಲ್ಲವೋ ಕಾಣಲಿಲ್ಲ, ನನ್ನ ಬಸ್ಸು ಹೊರಟಿತು.

ಚರ್ಚಾಸ್ಪರ್ಧೆಯಲ್ಲಿ ಇರುವುದು ಪರ, ವಿರೋಧ ಎರಡೇ ಪಕ್ಷ. ಪ್ರಕರಣದಲ್ಲಿ ಹಾಗಲ್ಲ. ಈಗ ಯಾರೇ ಹೊಸದಾಗಿ ಬಂದು ಕಾಗದ ಮುಂದಿಟ್ಟರೂ, ನಿಮ್ಮ ಕಡೆ ನ್ಯಾಯವಿದೆಯೇ ಎಂದು ನಾನು ಮೊದಲು ಕೇಳುವುದಿಲ್ಲ. ಅದನ್ನು ಕಾಗದ ಹೇಳುತ್ತದೆ. ಇದನ್ನು ಗೆಲ್ಲಬೇಕಾದರೆ ಇನ್ಯಾರು ಬಾಯಿ ಬಿಡಬೇಕು, ಬಿಟ್ಟ ಮೇಲೆ ಅವರು ಯಾವ ಮನೆಗೆ ಹೋಗಬೇಕು ಎಂದು ಕೇಳುತ್ತೇನೆ. ಉತ್ತರ ಬರುವವರೆಗೆ ವಕಾಲತ್ತಿನ ಹಾಳೆ ಮುಂದಿಡುವುದಿಲ್ಲ.